ಹಾದೊಂಗ್‌ನ ಚೊಯ್ ಚಾಂಪನ್ ಮನೆ: ಹೆಸರು ಮನೆಯದು, ನೋಡಬೇಕಾದದ್ದು ಗದ್ದೆ

ಮೊದಲೇ ಹೇಳಿಬಿಡುತ್ತೇನೆ, ಈ ಮನೆಯಲ್ಲಿ ಯಾರೂ ಯಾವತ್ತೂ ಸಂಸಾರ ಮಾಡಿಲ್ಲ. ದಕ್ಷಿಣ ಕೊರಿಯಾದ ಹಾದೊಂಗ್ ಜಿಲ್ಲೆಯಲ್ಲಿ, ಆಗ್ಯಾಂಗ್ ಕಡೆ, ಪ್ಯೊಂಗ್ಸಾರಿ ಅಂತ ಒಂದು ಹಳ್ಳಿ ಇದೆ. ಅಲ್ಲಿ ಗುಡ್ಡದ ಇಳಿಜಾರಿನಲ್ಲಿ 14 ಕಟ್ಟಡಗಳ ದೊಡ್ಡದೊಂದು ಹೆಂಚಿನ ಮನೆ. ಹೆಬ್ಬಾಗಿಲು, ಅಂಗಳ, ಕೊಳ, ಹಿತ್ತಲಲ್ಲಿ ಬಿದಿರು ಮೆಳೆ, ಎಲ್ಲ ಇದೆ. ಚೊಯ್ ವಂಶದವರು ಮಾತ್ರ ಇರಲೇ ಇಲ್ಲ. ಪಾಕ್ ಕ್ಯೊಂಗ್ನಿ ಅನ್ನುವ ಲೇಖಕಿ 'ತೊಜಿ' ಕಾದಂಬರಿಯಲ್ಲಿ ಬರೆದ ಮನೆಯನ್ನು, ಕಾದಂಬರಿ ಮುಗಿದ ಮೇಲೆ, ಪುಸ್ತಕ ನೋಡಿಕೊಂಡು ಕಟ್ಟಿಸಿದ್ದಾರೆ. ತೊಜಿ ಅಂದರೆ ಭೂಮಿ. ಚಾಂಪನ್ ಅನ್ನುವುದು ಜೊಸೊನ್ ರಾಜರ ಕಾಲದ ಒಂದು ದೊಡ್ಡ ಹುದ್ದೆ, ಈ ವಂಶದಲ್ಲಿ ಹಿಂದೆ ಯಾರೋ ಆ ಹುದ್ದೆಯಲ್ಲಿದ್ದರು, ಹೆಸರು ಮನೆಗೆ ಅಂಟಿಕೊಂಡಿತು ಅನ್ನುವುದು ಕಥೆ.

ನಮ್ಮ ಶಿವಮೊಗ್ಗ ಜಿಲ್ಲೆಯ ಅರಸಾಳು ರೈಲು ನಿಲ್ದಾಣವನ್ನು ಮಾಲ್ಗುಡಿ ಮ್ಯೂಸಿಯಂ ಮಾಡಿದ್ದಾರಲ್ಲ, ಆ ಜಾತಿಯ ಜಾಗ ಇದು. ಅದನ್ನು ತಿಳಿದುಕೊಂಡು ಹೋದರೆ ಬೇಜಾರಾಗುವುದಿಲ್ಲ. ಇನ್ನೂರು ವರ್ಷದ ಹಳೇ ಅರಮನೆ ನೋಡುತ್ತೇನೆ ಅಂತ ಹೊರಟರೆ ಮರದ ಕಂಬ ಮುಟ್ಟಿದ ಕೂಡಲೇ ಗೊತ್ತಾಗುತ್ತದೆ, ಇದು ಹೊಸದು ಅಂತ.

ನಾವು ಇರುವುದು ಕೊಜೆ ದ್ವೀಪದಲ್ಲಿ. ಇಲ್ಲಿ ಹಡಗು ಕಟ್ಟುವ ಯಾರ್ಡುಗಳಿವೆ, ಇಂಡಿಯಾದಿಂದ ಬಂದ ಇಂಜಿನಿಯರುಗಳು ಸುಮಾರು ಜನ ಇದ್ದೇವೆ, ಕನ್ನಡದವರೂ ಸಿಗುತ್ತಾರೆ. ವಾರದ ರಜೆಗೆ ಎಲ್ಲಿ ಹೋಗಲಿ ಅಂತ ಕೇಳಿದರೆ ಎಲ್ಲರೂ ಬೂಸಾನ್, ಇಲ್ಲಾಂದ್ರೆ ರಾಜಧಾನಿ ಸೋಲ್ ಅನ್ನುತ್ತಾರೆ. ಹಾದೊಂಗ್ ಅಂತ ಹೇಳುವವರು ಕಡಿಮೆ. ಹೇಳಿದರೂ ಏಪ್ರಿಲ್ ಹೊತ್ತಿಗೆ ಚೆರ್ರಿ ಹೂವು ನೋಡೋಕೆ ಹೋಗಿ ಅನ್ನುತ್ತಾರೆ. ಅಷ್ಟಕ್ಕೇ ಹೋಗಬೇಡಿ, ಕಾದಂಬರಿಗಾಗಿ ಹೋಗಿ ಅಂತ ನಾನು ಹೇಳುವುದು. ಆದರೆ ಕಥೆ ಗೊತ್ತಿಲ್ಲದೆ ಹೋದರೆ ಏನೂ ಸಿಗುವುದಿಲ್ಲ. ಹಾಗಾಗಿ ಕಥೆಯನ್ನು ಇಲ್ಲೇ ಸ್ವಲ್ಪ ಹೇಳುತ್ತೇನೆ, ಜಾಸ್ತಿ ಆದರೆ ಬಿಟ್ಟು ಮುಂದಕ್ಕೆ ಹೋಗಿ.

ತೊಜಿ ಶುರುವಾಗುವುದು 1897ರ ಸುಗ್ಗಿ ಹಬ್ಬದ ದಿನ. ಮುಗಿಯುವುದು 1945ರ ಆಗಸ್ಟ್ 15ಕ್ಕೆ, ಜಪಾನ್ ಸೋತು ಕೊರಿಯಾ ಬಿಡುಗಡೆಯಾದ ದಿನ. ಐದು ಭಾಗ. ಮುದ್ರಣಕ್ಕೆ ತಕ್ಕಂತೆ 16, 20, 21 ಸಂಪುಟಗಳಲ್ಲಿ ಬಂದಿದೆ. 600ಕ್ಕೂ ಹೆಚ್ಚು ಪಾತ್ರಗಳು. ಪಾಕ್ ಕ್ಯೊಂಗ್ನಿ ಅವರು 1969ರ ಸೆಪ್ಟೆಂಬರಿನಲ್ಲಿ ಒಂದು ಮಾಸಪತ್ರಿಕೆಯಲ್ಲಿ ಧಾರಾವಾಹಿಯಾಗಿ ಶುರು ಮಾಡಿದರು, ಮುಗಿಸಿದ್ದು 1994ರ ಆಗಸ್ಟಿನಲ್ಲಿ. ಇಪ್ಪತ್ತೈದು ವರ್ಷ! ನಡುವೆ ಪತ್ರಿಕೆಗಳು ಬದಲಾದವು, ಸರ್ಕಾರಗಳು ಬದಲಾದವು, ಊರು ಬದಲಾಯಿತು.

ಕಥೆಯ ನಡುಮಧ್ಯೆ ಇರುವವಳು ಸೊಹಿ. ಮೊದಲ ಭಾಗದಲ್ಲಿ ಪುಟ್ಟ ಹುಡುಗಿ, ಹಟಮಾರಿ, ಅಮ್ಮ ಬೇಕು ಅಂತ ಕಿರುಚಾಡುವ ಮಗು. ಅಮ್ಮ ಎಲ್ಲಿ? ಮನೆಯ ಆಳು ಕುಚೊನ್ ಜೊತೆ ಓಡಿಹೋಗಿದ್ದಾಳೆ. ಆ ಕುಚೊನ್ ಯಾರು ಅಂದರೆ, ಸೊಹಿಯ ಅಜ್ಜಿ ಯುನ್ ಅಮ್ಮನವರು ದೇವಸ್ಥಾನಕ್ಕೆ ಹೋಗಿದ್ದಾಗ ಬಲಾತ್ಕಾರಕ್ಕೆ ಒಳಗಾಗಿ ಗುಟ್ಟಾಗಿ ಹೆತ್ತ ಮಗ. ಅಂದರೆ ಓಡಿಹೋದ ಸೊಸೆ ಹೋದದ್ದು ಗಂಡನ ತಮ್ಮನ ಜೊತೆಗೇ. ಅಜ್ಜಿಗೆ ಎಲ್ಲ ಗೊತ್ತು, ಬಾಯಿ ಬಿಡುವ ಹಾಗಿಲ್ಲ, ಆ ರಾತ್ರಿ ಇಬ್ಬರನ್ನೂ ತಪ್ಪಿಸಿಕೊಂಡು ಹೋಗಲು ಬಿಡುವವರೂ ಅವರೇ. ಸೊಹಿಯ ಅಪ್ಪ ಚಿಸು ರೋಗಿಷ್ಠ ಮನುಷ್ಯ, ನಾಲಿಗೆ ಚೂಪು. ಆಸ್ತಿಯ ಆಸೆಗೆ ಬಿದ್ದ ಮೂವರು ಸೇರಿ ಅವನನ್ನು ಮುಗಿಸುತ್ತಾರೆ. ಆಮೇಲೆ ಕಾಲರಾ ಬಂದು ಅಜ್ಜಿ ಹೋಗುತ್ತಾರೆ. ಸೋಲ್‌ನಿಂದ ಬಂದ ದೂರದ ನೆಂಟ ಚೊ ಜುನ್ಗು ಮನೆ, ಗದ್ದೆ ಎಲ್ಲ ನುಂಗಿ ಹಾಕುತ್ತಾನೆ. ಸೊಹಿ ಊರಿನ ಕೆಲವರನ್ನು ಕಟ್ಟಿಕೊಂಡು ಮಂಚೂರಿಯಾದ ಲೊಂಗ್‌ಜಿಂಗ್‌ಗೆ ಹೋಗುತ್ತಾಳೆ, ಸೋಯಾಬೀನು ಮತ್ತು ಜಾಗದ ವ್ಯಾಪಾರದಲ್ಲಿ ದುಡ್ಡು ಮಾಡುತ್ತಾಳೆ, ಮನೆಯ ಆಳಾಗಿ ಬೆಳೆದ ಕಿಲ್ಸಾಂಗ್‌ನನ್ನು ಮದುವೆಯಾಗುತ್ತಾಳೆ. ಕೊನೆಗೆ ಜಿಂಜು ಪಟ್ಟಣಕ್ಕೆ ವಾಪಸ್ ಬಂದು, ಕಳೆದುಕೊಂಡ ಗದ್ದೆಗಳನ್ನು ಒಂದೊಂದಾಗಿ ಚೊ ಜುನ್ಗು ಕೈಯಿಂದ ಕೀಳುತ್ತಾಳೆ. ಗಂಡ ಮಾತ್ರ ಅವಳ ಜೊತೆ ಬರುವುದಿಲ್ಲ. ಸ್ವಾತಂತ್ರ್ಯ ಹೋರಾಟಕ್ಕೆ ಅಂತ ಅಲ್ಲೇ ಉಳಿಯುತ್ತಾನೆ.

ಇದೆಲ್ಲ ಸೀರಿಯಲ್ ಥರ ಕೇಳಿಸುತ್ತದೆ ಅಲ್ವಾ? ಸೀರಿಯಲ್ ಆಗಿಯೂ ಬಂದಿದೆ, ಒಂದಲ್ಲ, ಮೂರು ಸಲ. 2004ರದ್ದು ಚಿತ್ರೀಕರಣ ಆದದ್ದು ಇದೇ ಜಾಗದಲ್ಲಿ. ಕೆಳಗಿನ ಹುಲ್ಲಿನ ಗುಡಿಸಲುಗಳು ಅದರ ಸೆಟ್. ಆದರೆ ಪುಸ್ತಕದಲ್ಲಿ ಸೊಹಿಗಿಂತ ಊರಿನವರದ್ದೇ ಜಾಸ್ತಿ. ಉಳುವವರು, ಬಡಗಿ, ಹೆಂಡದಂಗಡಿಯವಳು, ಮಾಟ ಮಾಡುವವಳ ಮಗಳು. ಒಡತಿ ಸೇಡು ತೀರಿಸಿಕೊಂಡ ಕಥೆ ಅಂತ ಓದಿದರೆ ಅರ್ಧ ಪುಸ್ತಕ ಕೈ ತಪ್ಪುತ್ತದೆ.

ಈಗ ಬರೆದವರ ವಿಷಯ. ಪಾಕ್ ಕ್ಯೊಂಗ್ನಿ ಅವರು ಹುಟ್ಟಿದ್ದು 1926ರಲ್ಲಿ ಥೊಂಗ್ಯೊಂಗ್‌ನಲ್ಲಿ, ನಮ್ಮ ಕೊಜೆಯಿಂದ ಸೇತುವೆ ದಾಟಿದರೆ ಸಿಗುವ ಬಂದರು ಊರು. ಅವರ ಅಪ್ಪ ಹೆಂಡತಿಯನ್ನು ಬಿಟ್ಟು ಹೋಗಿದ್ದರು. ಓದಿದ್ದು ಜಿಂಜುವಿನ ಹೆಣ್ಣುಮಕ್ಕಳ ಹೈಸ್ಕೂಲಿನಲ್ಲಿ, ಮುಗಿಸಿದ್ದು 1945ರಲ್ಲಿ. ಮಾರನೇ ವರ್ಷ ಮದುವೆ. 1950ರಲ್ಲಿ, ಕೊರಿಯಾ ಯುದ್ಧದ ಸಮಯದಲ್ಲಿ, ಗಂಡ ಸೋಲ್‌ನ ಸೊದೆಮುನ್ ಜೈಲು ಸೇರಿ ತೀರಿಕೊಂಡರು. ಯುದ್ಧ ಮುಗಿದ ಮೇಲೆ ಚಿಕ್ಕ ಮಗನೂ ಹೋದ. ಉಳಿದದ್ದು ತಾಯಿ, ಮಗಳು ಮತ್ತು ಇವರು. 1955ರಲ್ಲಿ ಮೊದಲ ಕಥೆ ಅಚ್ಚಾಯಿತು. 1957ರಲ್ಲಿ ಬರೆದ ಒಂದು ಕಥೆಯಲ್ಲಿ ಡಾಕ್ಟರರ ಬೇಜವಾಬ್ದಾರಿಯಿಂದ ಮಗನನ್ನು ಕಳೆದುಕೊಂಡ ವಿಧವೆಯೊಬ್ಬಳಿದ್ದಾಳೆ. ಎಲ್ಲಿಂದ ಬಂದಳು ಅಂತ ಬಿಡಿಸಿ ಹೇಳಬೇಕಾಗಿಲ್ಲ.

1971ರಲ್ಲಿ, ತೊಜಿ ಇನ್ನೂ ಮೊದಲ ಭಾಗದಲ್ಲಿರುವಾಗಲೇ, ಸ್ತನದ ಕ್ಯಾನ್ಸರ್ ಆಪರೇಷನ್. ಆಸ್ಪತ್ರೆಯಿಂದ ಬಂದು ಎದೆಗೆ ಬ್ಯಾಂಡೇಜು ಸುತ್ತಿಕೊಂಡೇ ಬರೆಯಲು ಕೂತರು. ಆಮೇಲೆ ಅಳಿಯನ ಸರದಿ. ಮಗಳನ್ನು ಕೊಟ್ಟದ್ದು ಕವಿ ಕಿಮ್ ಜಿಹಾ ಅವರಿಗೆ. ಆಗಿನ ಅಧ್ಯಕ್ಷ ಪಾಕ್ ಚುಂಗ್‌ಹಿ ಸರ್ವಾಧಿಕಾರದ ವಿರುದ್ಧದ ವಿದ್ಯಾರ್ಥಿ ಹೋರಾಟದ ಮೊಕದ್ದಮೆಯಲ್ಲಿ 1974ರಲ್ಲಿ ಅವರಿಗೆ ಮರಣದಂಡನೆ ಆಯಿತು, ಆಮೇಲೆ ಅದನ್ನು ಜೀವಾವಧಿಗೆ ಇಳಿಸಿದರು. 1975ರ ಫೆಬ್ರವರಿ 15ರಂದು ಅವರನ್ನು ಬಿಟ್ಟಾಗ ಜೈಲಿನ ಬಾಗಿಲಲ್ಲಿ ಪತ್ರಕರ್ತರು, ಬೆಂಬಲಿಗರು, ಗದ್ದಲ. ಆ ಜನರಿಂದ ದೂರ, ಮೈ ಕೊರೆಯುವ ಚಳಿಯಲ್ಲಿ, ಮಗುವನ್ನು ಬೆನ್ನಿಗೆ ಕಟ್ಟಿಕೊಂಡು ಒಬ್ಬ ಹೆಂಗಸು ನಿಂತಿದ್ದರಂತೆ. ಅಲ್ಲಿಗೆ ವರದಿ ಮಾಡಲು ಬಂದಿದ್ದ ಯುವ ಪತ್ರಕರ್ತ ಕಿಮ್ ಹೂನ್, ಮುಂದೆ ತಾವೂ ದೊಡ್ಡ ಕಾದಂಬರಿಕಾರ ಆದವರು, ಅದನ್ನು ನೋಡಿ ಬರೆದಿಟ್ಟಿದ್ದಾರೆ. ಮೊಮ್ಮಗನನ್ನು ಹೊತ್ತು ಅಳಿಯನಿಗೆ ಕಾಯುತ್ತಿದ್ದ ಆ ಹೆಂಗಸೇ ಪಾಕ್ ಕ್ಯೊಂಗ್ನಿ. ಅಳಿಯ ಹೊರಗಿದ್ದದ್ದು ಸ್ವಲ್ಪವೇ ದಿನ. ಮತ್ತೆ ಒಳಗೆ ಹಾಕಿದರು, ಕೊನೆಗೆ ಬಿಟ್ಟದ್ದು 1980ರ ಡಿಸೆಂಬರಿನಲ್ಲಿ.

ಅದೇ 1980ರಲ್ಲಿ ಇವರು ಸೋಲ್ ಬಿಟ್ಟು ವೊಂಜು ಊರಿಗೆ ಹೋಗಿ ನೆಲೆಸಿದರು. ಮೆಣಸಿನಕಾಯಿ, ಸೊಪ್ಪು ಬೆಳೆದುಕೊಂಡು, ಜನರನ್ನು ಹತ್ತಿರ ಸೇರಿಸದೆ, ನಾಲ್ಕನೇ ಮತ್ತು ಐದನೇ ಭಾಗ ಅಲ್ಲೇ ಬರೆದರು.

ಇಷ್ಟು ಓದಿ ನಿಮಗೆ ಅನುಮಾನ ಬರಬೇಕು. ಥೊಂಗ್ಯೊಂಗ್, ಜಿಂಜು, ಸೋಲ್, ವೊಂಜು ಎಲ್ಲ ಬಂತು, ಪ್ಯೊಂಗ್ಸಾರಿ ಎಲ್ಲಿ? ಅದೇ ಮಜಾ. ಅವರು ಇಲ್ಲಿ ಬಾಳಲಿಲ್ಲ, ಬರೆಯುವ ಮುಂಚೆ ಸರಿಯಾಗಿ ಬಂದು ನೋಡಿಯೂ ಇರಲಿಲ್ಲ. ಕಥೆಗೆ ದೊಡ್ಡ ಬಯಲು ಬೇಕಿತ್ತು, ದೊಡ್ಡ ಜಮೀನ್ದಾರರಿರಬೇಕು ಅಂದರೆ ಅಷ್ಟು ಗದ್ದೆ ಬೇಕಲ್ಲ. ಅಂಥ ಬಯಲುಗಳು ಇರುವುದು ಪಶ್ಚಿಮದ ಜೊಲ್ಲಾ ಸೀಮೆಯಲ್ಲಿ. ಆದರೆ ಅಲ್ಲಿಯ ಮಾತು ಇವರಿಗೆ ಬಾರದು, ಬರುವುದು ತಮ್ಮೂರಿನ ಕ್ಯೊಂಗ್ಸಾಂಗ್ ಮಾತು. ರೈತರ ಬಾಯಲ್ಲಿ ಸುಳ್ಳು ಮಾತು ಹಾಕುವುದಕ್ಕೆ ಅವರಿಗೆ ಮನಸ್ಸಿರಲಿಲ್ಲ. ಕ್ಯೊಂಗ್ಸಾಂಗ್ ಸೀಮೆಯೊಳಗೇ ಇದ್ದು, ದೊಡ್ಡ ಬಯಲೂ ಇದ್ದು, ಬೆನ್ನಿಗೆ ಚಿರಿ ಬೆಟ್ಟ ಇರುವ ಜಾಗ ಅಂದರೆ ಸೊಮ್ಜಿನ್ ನದಿ ದಡದ ಈ ಊರು. ಮಗಳ ಜೊತೆ ಈ ಕಡೆ ಹಾದು ಹೋಗುವಾಗ ಕಣ್ಣಿಗೆ ಬಿದ್ದಿತ್ತು, ಅಷ್ಟೇ. ಮೂವತ್ತು ವರ್ಷದ ಮೇಲೆ, ಮನೆ ಕಟ್ಟಿ ಆದಮೇಲೆ ಇಲ್ಲಿಗೆ ಬಂದು ನಿಂತಾಗಲೇ ತೊಜಿ ಏನು ಅನ್ನುವುದು ತಮಗೆ ನಿಜವಾಗಿ ಅನುಭವಕ್ಕೆ ಬಂತು ಅಂತ ಆಮೇಲಿನ ಮುದ್ರಣದ ಮುನ್ನುಡಿಯಲ್ಲಿ ಬರೆದುಕೊಂಡಿದ್ದಾರೆ.

ಕಥೆಯ ಬೀಜ ಬಿದ್ದದ್ದು ನಾವು ಇರುವ ದ್ವೀಪದಲ್ಲಿ. ಇದು ಗೊತ್ತಾದ ಮೇಲೆ ಕೊಜೆಯ ಗದ್ದೆಗಳನ್ನು ನಾನು ಮೊದಲಿನ ಹಾಗೆ ನೋಡುವುದಿಲ್ಲ. ಪಾಕ್ ಕ್ಯೊಂಗ್ನಿ ಅವರ ಅಜ್ಜಿ, ತಾಯಿಯ ಅಮ್ಮ, ಚಿಕ್ಕಂದಿನಲ್ಲಿ ಒಂದು ಕಥೆ ಹೇಳಿದ್ದರಂತೆ. ಕೊಜೆಯಲ್ಲಿ ಒಂದು ಮನೆ, ಎಷ್ಟು ನಡೆದರೂ ಮುಗಿಯದಷ್ಟು ಗದ್ದೆ. ಆ ವರ್ಷ ಭತ್ತ ಚಿನ್ನದ ಹಾಗೆ ಮಾಗಿ ನಿಂತಿದೆ. ಕಾಲರಾ ಬಂತು. ಮನೆಯವರೆಲ್ಲ ಸತ್ತರು. ಕೊಯ್ಯುವುದಕ್ಕೂ ಜನ ಇಲ್ಲ. ಒಬ್ಬ ಹೆಣ್ಣುಮಗು ಮಾತ್ರ ಉಳಿದಿತ್ತು, ಅದನ್ನು ಯಾರೋ ಒಬ್ಬ ಗಂಡಸು ಕರೆದುಕೊಂಡು ಹೋದ. ಎಷ್ಟೋ ಕಾಲದ ಮೇಲೆ ಯಾವುದೋ ಹೆಂಡದಂಗಡಿಯಲ್ಲಿ ಆ ಹುಡುಗಿ ಪಾತ್ರೆ ತೊಳೆಯುತ್ತಿದ್ದುದನ್ನು ನೋಡಿದವರಿದ್ದಾರೆ. ಅಷ್ಟೇ ಕಥೆ. ಅಜ್ಜಿ ಹೇಳಿದ ಹುಡುಗಿ ಪಾತ್ರೆ ತೊಳೆದಳು, ಮೊಮ್ಮಗಳು ಬರೆದ ಹುಡುಗಿ ಗದ್ದೆ ವಾಪಸ್ ತಗೊಂಡಳು.

ಸರಿ, ಮನೆಗೆ ಬರೋಣ.

ಕಾರು ಕೆಳಗೆ ನಿಲ್ಲಿಸಿ ಮೇಲಕ್ಕೆ ಹತ್ತಬೇಕು. ದಾರಿಯ ಎರಡೂ ಕಡೆ ಅಂಗಡಿಗಳು. ಆಗ್ಯಾಂಗ್ ದೊಡ್ಡ ಪರ್ಸಿಮನ್ ಹಣ್ಣಿಗೆ ಹೆಸರುವಾಸಿ, ಒಣಗಿಸಿದ್ದೂ ಮಾರುತ್ತಾರೆ. ಹಾದೊಂಗ್ ಗುಡ್ಡದ ಹಸಿರು ಚಹಾ ಕೂಡ. ಅಮ್ಮ ಅಪ್ಪನಿಗೆ ಊರಿಗೆ ಕಳಿಸಲು ಚಹಾ ತಗೊಳ್ಳಬಹುದು, ಆದರೆ ಹಾಲು ಸಕ್ಕರೆ ಹಾಕಿ ಕುದಿಸಬೇಡಿ ಅಂತ ಫೋನಿನಲ್ಲಿ ಹೇಳಿ ಕಳಿಸಿ.

ಅಂಗಡಿ ಸಾಲು ದಾಟಿದರೆ ಹುಲ್ಲಿನ ಮನೆಗಳ ಓಣಿ. ಒಂದೊಂದರ ಮುಂದೆ ಇದು ಯೊಂಗಿ ಮನೆ, ಇದು ಚಿಲ್ಸೊಂಗ್ ಮನೆ ಅಂತ ಹಲಗೆ. ಕಥೆ ಗೊತ್ತಿಲ್ಲದವರು ಇಲ್ಲಿ ಎರಡು ಫೋಟೋ ತೆಗೆದು ಮುಂದೆ ಹೋಗುತ್ತಾರೆ. ಗೊತ್ತಿದ್ದರೆ ಕಾಲು ಮುಂದೆ ಹೋಗುವುದಿಲ್ಲ. ಯೊಂಗಿ ಊರಿನಲ್ಲೇ ಚೆಂದದ, ಒಳ್ಳೆಯ ಮನಸ್ಸಿನ ರೈತ. ಪ್ರೀತಿಸಿದ್ದು ವೊಲ್ಸೊನ್‌ಳನ್ನು, ಅವಳ ತಾಯಿ ದೆವ್ವ ದೇವರು ಮೈಮೇಲೆ ಬರಿಸಿಕೊಳ್ಳುವವಳು, ಅಂಥ ಮನೆಯ ಹುಡುಗಿ ಬೇಡ ಅಂತ ಅಮ್ಮ ಬಿಡಲಿಲ್ಲ. ಕಟ್ಟಿಕೊಂಡ ಹೆಂಡತಿ ಒಬ್ಬಳು, ಮಗ ಹುಟ್ಟಿದ್ದು ಇನ್ನೊಬ್ಬಳಲ್ಲಿ, ಆ ಮಗನನ್ನು ಸ್ವಂತ ಮಗನಿಗಿಂತ ಹೆಚ್ಚಾಗಿ ಸಾಕಿದ್ದು ವೊಲ್ಸೊನ್. ಲೊಂಗ್‌ಜಿಂಗ್‌ನಲ್ಲಿ ಅವಳು ಕ್ಯಾನ್ಸರಿನಿಂದ ಸಾಯುತ್ತಿದ್ದರೆ ಯೊಂಗಿ ಕಾಡಿನ ಮರ ಕಡಿಯುವ ಕೆಲಸದಿಂದ ಬೇಗ ಬರುವುದೇ ಇಲ್ಲ. ಬರುತ್ತಾನೆ ಅಂತ ಅವಳು ಜೀವ ಹಿಡಿದುಕೊಂಡಿರುತ್ತಾಳೆ. ಬಂದವನು ಅವಳ ಪಕ್ಕ ಕೂತು, ಇನ್ನೇನೂ ಕೊರಗಿಲ್ಲ ತಾನೇ ಅಂತ ಕೇಳುತ್ತಾನೆ, ಇಲ್ಲ ಅನ್ನುತ್ತಾಳೆ. ಕೊರಿಯಾದವರು ಈ ಪುಟಗಳ ಬಗ್ಗೆ ಮಾತಾಡುವಾಗ ದನಿ ಬದಲಾಗುತ್ತದೆ. ನಮ್ಮ ಟೀಮಿನ ಹಿರಿಯರೊಬ್ಬರು, ಯಾವಾಗಲೂ ವೆಲ್ಡಿಂಗ್ ಇನ್‌ಸ್ಪೆಕ್ಷನ್ ಬಿಟ್ಟು ಬೇರೆ ಮಾತಾಡದವರು, ಹಾದೊಂಗ್‌ಗೆ ಹೋಗುತ್ತೇವೆ ಅಂದ ಕೂಡಲೇ ವೊಲ್ಸೊನ್ ಹೆಸರು ತೆಗೆದರು.

ಓಣಿಯ ಬಗ್ಗೆ ನನ್ನ ಅಭಿಪ್ರಾಯ ಕೇಳಿದರೆ, ತುಂಬ ಚೊಕ್ಕಟವಾಗಿದೆ. ಪುಸ್ತಕದಲ್ಲಿ ಬರಗಾಲ, ಹಸಿವು, ಕಾಲರಾ, ಜಗಳ ಎಲ್ಲ ನಡೆಯುವ ಓಣಿ ಇದು. ಇಲ್ಲಿ ಗುಡಿಸಿ ಸಾರಿಸಿದ ಸೆಟ್. ಸೆಟ್ ಅಂತಲೇ ನೋಡಿ.

ದೊಡ್ಡ ಮನೆ ಬೇರೆ. ಅದು ನನಗೆ ಹಿಡಿಸಿತು. ಹೆಬ್ಬಾಗಿಲು ದಾಟಿದರೆ ಆಳುಗಳ ಸಾಲು ಮನೆ, ಒಳಗೆ ಹೆಂಗಸರ ಮನೆ, ಒಂದು ಪಕ್ಕದಲ್ಲಿ ಗಂಡಸರ ಮನೆ, ಇನ್ನೊಂದು ಕಡೆ ಗೋಡೆ ಸುತ್ತಿದ ಪ್ರತ್ಯೇಕ ಮನೆ. ಈ ಕೊನೆಯದರಲ್ಲಿ ಕೊಳ ಇದೆ. ಓಡಿಹೋದ ಸೊಸೆ ಇದ್ದದ್ದು, ಆಮೇಲೆ ಸೊಹಿ ಬೆಳೆದದ್ದು ಇಲ್ಲಿ. ಸುಂದರವಾಗಿದೆ, ಸರಿ. ಒಳಗೆ ನಿಂತು ಸುತ್ತ ನೋಡಿದರೆ ಎಲ್ಲ ಕಡೆ ಗೋಡೆ. ಹೆಂಗಸು ಯಾಕೆ ಓಡಿಹೋದಳು ಅಂತ ಪುಸ್ತಕದಲ್ಲಿ ಎಷ್ಟು ಪುಟ ಓದಿದರೂ ಆಗದಷ್ಟು ಬೇಗ ಇಲ್ಲಿ ಅರ್ಥ ಆಗುತ್ತದೆ. ನನ್ನ ಹೆಂಡತಿಯ ಪ್ರಶ್ನೆ ಬೇರೆಯೇ ಇತ್ತು: "ರೀ, ಇಷ್ಟು ದೊಡ್ಡ ಮನೆ ಗುಡಿಸೋಕೆ ಎಷ್ಟು ಜನ ಬೇಕಿತ್ತು?" ಅದಕ್ಕೆ ಉತ್ತರ ಹೆಬ್ಬಾಗಿಲ ಪಕ್ಕದ ಆಳುಗಳ ಸಾಲು ಮನೆಯಲ್ಲಿದೆ.

ಹೆಂಗಸರ ಮನೆಯಲ್ಲಿ ಯುನ್ ಅಮ್ಮನವರ ಕೋಣೆಯನ್ನು ಇಣುಕಿ ನೋಡುವಾಗ ಪೆಟ್ಟಿಗೆ, ಬೀರುಗಳ ಕಾಲ ಕೆಳಗೆ ನೋಡಿ. ಕಾಲರಾ ಬರುವ ಮುಂಚೆಯೇ ಆ ಅಜ್ಜಿಗೆ ಮುಂದೇನಾಗುತ್ತದೆ ಅನ್ನುವುದರ ವಾಸನೆ ಹೊಡೆದಿರುತ್ತದೆ. ಚಿನ್ನ ಬೆಳ್ಳಿಯ ಗಟ್ಟಿಗಳನ್ನು ಬೀರುವಿನ ಕಾಲಿಗೆ ಕೊಡುವ ಆಸರೆಯ ಹಾಗೆ ಮಾಡಿಸಿ, ಎಲ್ಲರ ಕಣ್ಣ ಮುಂದೆಯೇ ಮೊಮ್ಮಗಳಿಗೆ ಅಂತ ಇಟ್ಟಿರುತ್ತಾರೆ. ಚೊ ಜುನ್ಗು ಇಡೀ ಮನೆ ಜಾಲಾಡಿದರೂ ಅದು ಅವನ ಕೈಗೆ ಸಿಗುವುದಿಲ್ಲ. ಸೊಹಿ ಮಂಚೂರಿಯಾದಲ್ಲಿ ವ್ಯಾಪಾರ ಶುರು ಮಾಡುವುದು ಇದೇ ಬಂಡವಾಳದಲ್ಲಿ. ಈ ಕೋಣೆಯಲ್ಲಿರುವುದು ಈಚಿನ ಬೀರು, ಕೆಳಗೆ ಏನೂ ಇಲ್ಲ, ಆದರೂ ಜನ ಬಗ್ಗಿ ನೋಡುತ್ತಾರೆ. ನಾವೂ ಬಗ್ಗಿದೆವು.

ಗಂಡಸರ ಮನೆಯ ಜಗಲಿಗೆ ಬಂದಾಗ ಒಬ್ಬ ಅಜ್ಜಿ ಮೊಮ್ಮಗಳಿಗೆ ಕಥೆ ಹೇಳುತ್ತಿದ್ದರು. ಇಲ್ಲೇ ಚಿಸು ಕೆಮ್ಮುತ್ತ ಕೂತಿರುತ್ತಿದ್ದ, ಆಮೇಲೆ ಇಲ್ಲೇ ಆ ಹಾಳಾದ ಚೊ ಜುನ್ಗು ಬಂದು ಕೂತ, ಅಂತ. ಅವರ ಕೊರಿಯನ್ ಪೂರ್ತಿ ಅರ್ಥವಾಗದಿದ್ದರೂ ಬೈಗುಳ ಅರ್ಥವಾಯಿತು. ಹುಡುಗಿ ಮೊಬೈಲ್ ನೋಡುತ್ತಿದ್ದಳು. ಅಜ್ಜಿಗೆ ಅದು ಲೆಕ್ಕಕ್ಕೇ ಇಲ್ಲ. ಪಾತ್ರವನ್ನು ಪಕ್ಕದ ಮನೆಯವನನ್ನು ಬೈಯುವ ಹಾಗೆ ಬೈಯುತ್ತಿದ್ದರು. ನನ್ನ ಪ್ರಕಾರ ಈ ಮನೆ ಕಟ್ಟಿಸಿದ ಖರ್ಚು ಅಲ್ಲಿಗೇ ವಸೂಲಾಯಿತು.

ಆ ಜಗಲಿಯಲ್ಲಿ ಕೂತು ಮುಂದೆ ನೋಡಿ. ಶೀರ್ಷಿಕೆಯಲ್ಲಿ ಗದ್ದೆ ಅಂದದ್ದು ಇದಕ್ಕೇ. ಕೆಳಗೆ ಸುಮಾರು 270 ಹೆಕ್ಟೇರ್ ಗದ್ದೆ ಬಯಲು ಒಂದೇ ನೋಟದಲ್ಲಿ ಸಿಗುತ್ತದೆ. ನಮ್ಮ ಎಕರೆ ಲೆಕ್ಕದಲ್ಲಿ 650ಕ್ಕೂ ಜಾಸ್ತಿ. ಹೆಸರು ಮುದಿಮಿ ಬಯಲು. ಆಚೆ ಕಡೆ ಸೊಮ್ಜಿನ್ ನದಿ. ಬಯಲಿನ ನಡುವೆ ಎರಡೇ ಎರಡು ಪೈನ್ ಮರ, ಗಂಡಹೆಂಡಿರ ಮರ ಅಂತ ಹೆಸರಿಟ್ಟಿದ್ದಾರೆ, ಕೆಲವರು ಸೊಹಿ ಕಿಲ್ಸಾಂಗ್ ಮರ ಅಂತಲೂ ಅನ್ನುತ್ತಾರೆ. ಮನೆ ಹೊಸದು, ಗುಡಿಸಲು ಸೆಟ್, ಪಾತ್ರಗಳು ಕಲ್ಪನೆ. ಗದ್ದೆ ಮಾತ್ರ ನಿಜ. ಇವತ್ತಿಗೂ ಊರಿನವರು ಉಳುತ್ತಾರೆ, ಕೊಯ್ಯುತ್ತಾರೆ. ಮೇಲೆ ಜಗಲಿಯಲ್ಲಿ ಕೂತವನಿಗೆ ಕೆಳಗೆ ಬಗ್ಗಿ ಕೆಲಸ ಮಾಡುವವರೆಲ್ಲ ಕಾಣುತ್ತಾರೆ, ಕೆಳಗಿನವರಿಗೆ ಬಗ್ಗಿದ ಬೆನ್ನು ನೆಟ್ಟಗೆ ಮಾಡಿದಾಗಲೆಲ್ಲ ಮೇಲಿನ ಮನೆ ಕಾಣುತ್ತದೆ. ಕಾದಂಬರಿಯ ಅರ್ಧ ಸಿಟ್ಟು ಈ ಎತ್ತರದಲ್ಲೇ ಇದೆ. ಮೊದಲ ಭಾಗದ ಕೊನೆಗೆ ಬಡಗಿ ಯುನ್‌ಬೊ ಜೊತೆ ಊರಿನವರು ಈ ಮನೆಗೆ ನುಗ್ಗುವುದು ಯಾಕೆ ಅಂತ ಬೇರೆ ವಿವರಣೆ ಬೇಡ.

ಹಾಗಾಗಿ ಮನೆ ನೋಡಿ ಸೀದಾ ಕಾರು ಹತ್ತಬೇಡಿ. ಕೆಳಗೆ ಇಳಿದು ಬದುವಿನ ಮೇಲೆ ಆ ಎರಡು ಮರದವರೆಗೆ ನಡೆಯಿರಿ. ಅಲ್ಲಿಂದ ಹಿಂದೆ ತಿರುಗಿ ಮನೆ ನೋಡಿ. ಅಕ್ಟೋಬರ್ ಆದರೆ ಭತ್ತ ಮಾಗಿರುತ್ತದೆ, ವಸಂತದಲ್ಲಿ ಹಸಿರು ಬಾರ್ಲಿ. ನನ್ನ ಓಟು ಅಕ್ಟೋಬರಿಗೆ, ಅಜ್ಜಿಯ ಕಥೆಯ ಕಾಲವೂ ಅದೇ ಅಲ್ವಾ. ಅದೇ ಹೊತ್ತಿಗೆ ಇಲ್ಲಿ ತೊಜಿ ಸಾಹಿತ್ಯ ಹಬ್ಬವೂ ನಡೆಯುತ್ತದೆ. ಚೆರ್ರಿ ಹೂವಿನ ಕಾಲಕ್ಕೆ, ಅಂದರೆ ಮಾರ್ಚ್ ಕೊನೆ ಏಪ್ರಿಲ್ ಮೊದಲಿಗೆ ಹೋದರೆ ನದಿ ದಡದ 19ನೇ ನಂಬರ್ ರಸ್ತೆಯಲ್ಲಿ ಕಾರುಗಳು ಆಮೆ ಹೆಜ್ಜೆ ಇಡುತ್ತವೆ. ಹೂವು ಚೆಂದ, ತಾಳ್ಮೆ ನಿಮ್ಮದು.

ಊಟದ ವಿಷಯ. ಈ ಕಡೆಯ ವಿಶೇಷ ಅಂದರೆ ಸೊಮ್ಜಿನ್ ನದಿಯ ಪುಟ್ಟ ಪುಟ್ಟ ಚಿಪ್ಪಿನ ಸಾರು, ಜೆಚೊಪ್ ಅಂತಾರೆ. ತಿನ್ನುವವರು ಬಿಡಬೇಡಿ. ತಿಳಿಯಾದ ಸಾರು, ಮೇಲೆ ಈರುಳ್ಳಿ ಜಾತಿಯ ಸೊಪ್ಪು, ಬಿಸಿ ಅನ್ನದ ಜೊತೆ ಹೊಟ್ಟೆಗೆ ಹಿತ. ಸಸ್ಯಾಹಾರಿಗಳಿಗೆ ಕಷ್ಟ ಇದೆ. ಬೆಟ್ಟದ ಸೊಪ್ಪುಗಳ ಬಿಬಿಂಬಾಪ್, ಅಂದರೆ ಕಲಸಿ ತಿನ್ನುವ ಅನ್ನ, ಸಿಗುತ್ತದೆ, ಮೊಟ್ಟೆ ಬೇಡ ಅಂತ ಮೊದಲೇ ಹೇಳಬೇಕು. ಕಿಮ್ಚಿಯಲ್ಲಿ ಸಾಮಾನ್ಯವಾಗಿ ಉಪ್ಪು ಹಾಕಿ ಇಟ್ಟ ಮೀನಿನ ಅಥವಾ ಸೀಗಡಿಯ ರಸ ಇರುತ್ತದೆ, ಜೊತೆಗೆ ಕೊಡುವ ಸಾರಿಗೆ ಒಣಮೀನು ಕುದಿಸಿರುತ್ತಾರೆ. ನಾವು ಹೋದ ಹೋಟೆಲಿನಲ್ಲಿ ಮಾಂಸ ಇಲ್ಲ ಅಂತ ಪ್ರಮಾಣ ಮಾಡಿ ಹೇಳಿದರು, ಬಟ್ಟಲಿನಲ್ಲಿ ಪುಟ್ಟ ಮೀನೊಂದು ತೇಲುತ್ತಿತ್ತು. ಅವರ ಲೆಕ್ಕದಲ್ಲಿ ಮೀನು ಮಾಂಸ ಅಲ್ಲ, ಮುಗೀತು. ಚಪಾತಿ ಚಟ್ನಿಪುಡಿ ಕಟ್ಟಿಕೊಂಡು ಹೋಗುವುದು ಕ್ಷೇಮ.

ಪುಸ್ತಕ ಓದುವುದು ಹೇಗೆ? ಇದು ಸ್ವಲ್ಪ ಬೇಜಾರಿನ ವಿಷಯ. ಇಂಗ್ಲಿಷಿನಲ್ಲಿ ಆಗ್ನಿಟಾ ಟೆನಂಟ್ ಅನುವಾದಿಸಿದ ಮೊದಲ ಭಾಗ 2011ರಲ್ಲಿ ಮೂರು ಸಂಪುಟವಾಗಿ ಬಂದಿದೆ. ಬೆಲೆ ಲೈಬ್ರರಿಗಳಿಗೆ ಅಂತ ಇಟ್ಟದ್ದು, ನಮ್ಮಂಥವರ ಕೈಗೆಟಕುವುದಲ್ಲ. ಸೆಕೆಂಡ್ ಹ್ಯಾಂಡ್ ಸಿಕ್ಕರೆ ಬಿಡಬೇಡಿ. ಜಪಾನೀ ಭಾಷೆಯಲ್ಲಿ ಮಾತ್ರ 2024ರಲ್ಲಿ ಪೂರ್ತಿ 20 ಸಂಪುಟ ಮುಗಿಸಿದ್ದಾರೆ. ಜಪಾನೀಯರ ಆಳ್ವಿಕೆಯ ಕಥೆ, ಮೊದಲು ಪೂರ್ತಿ ಓದಲು ಸಿಕ್ಕಿದ್ದು ಅವರಿಗೇ ಅಂದರೆ ನೋಡಿ. ಅಷ್ಟು ದೊಡ್ಡದು ಬೇಡ ಅನ್ನುವವರಿಗೆ 1962ರ ಸಣ್ಣ ಕಾದಂಬರಿ ಒಂದಿದೆ, ಥೊಂಗ್ಯೊಂಗ್‌ನ ಔಷಧಿ ಅಂಗಡಿಯ ಕಿಮ್ ಮತ್ತು ಅವನ ಐದು ಹೆಣ್ಣುಮಕ್ಕಳ ಕಥೆ. ಇಂಗ್ಲಿಷಿನಲ್ಲಿ ಬಂದಿದೆ. ಒಂದಾದ ಮೇಲೊಂದು ಕಷ್ಟ, ಉಸಿರಾಡಲು ಬಿಡುವುದಿಲ್ಲ, ನನಗೆ ಅದು ಸ್ವಲ್ಪ ಅತಿಯಾಯಿತು. ತೊಜಿಯಲ್ಲಿ ಕಷ್ಟದ ನಡುವೆ ಹರಟೆ, ಜಗಳ, ಊಟ, ನಗು ಎಲ್ಲ ಇದೆ. ಕೊರಿಯನ್ ಬರುವ ಗೆಳೆಯರು ಹೇಳುವ ಪ್ರಕಾರ ನಿಜವಾದ ರುಚಿ ಇರುವುದು ಹಳ್ಳಿಯವರ ಮಾತುಕತೆಯಲ್ಲಂತೆ.

ಇನ್ನು ಎರಡು ಜಾಗ. ಲೇಖಕಿಯನ್ನೇ ನೋಡಬೇಕು ಅನ್ನುವವರು ಹಾದೊಂಗ್‌ಗಿಂತ ವೊಂಜುವಿಗೆ ಹೋಗುವುದು ಸರಿ. ಅವರು ಬಾಳಿದ ಮನೆ ಅಲ್ಲಿದೆ. ಆ ಜಾಗವನ್ನು ಬಡಾವಣೆ ಮಾಡಲು ಹೊರಟಿದ್ದರು, ಮನೆ ಹೋಗುವುದರಲ್ಲಿತ್ತು, ಕೊನೆಗೆ ಉಳಿಸಿ ಸಾಹಿತ್ಯ ಉದ್ಯಾನ ಮಾಡಿದರು. ಮೊಮ್ಮಕ್ಕಳು ಆಡಲಿ ಅಂತ ಅವರೇ ಮಾಡಿದ ಪುಟ್ಟ ಕೊಳ ಇದೆ. ಕಲ್ಲಿನ ಮೇಲೆ ಕೂತ ಅವರ ಪ್ರತಿಮೆ ಇದೆ, ಪಕ್ಕದಲ್ಲಿ ಬೆಕ್ಕು, ಪುಸ್ತಕ, ಕಳೆ ಕೀಳುವ ಗುದ್ದಲಿ. ಊರಾಚೆ 1999ರಲ್ಲಿ ಶುರುವಾದ ತೊಜಿ ಸಂಸ್ಕೃತಿ ಕೇಂದ್ರದಲ್ಲಿ ಲೇಖಕರಿಗೆ ಉಳಿದು ಬರೆಯಲು ಕೋಣೆ ಕೊಡುತ್ತಾರೆ. ಅವರ ಹೆಸರಿನಲ್ಲಿ 2011ರಿಂದ ಪ್ರಶಸ್ತಿಯೂ ಇದೆ. 2016ರಲ್ಲಿ ಕೀನ್ಯಾದ ಲೇಖಕ ಗೂಗಿ ವಾ ಥಿಯೊಂಗೊ ಅವರಿಗೆ, 2025ರಲ್ಲಿ ನಮ್ಮ ಅಮಿತಾವ್ ಘೋಷ್ ಅವರಿಗೆ ಬಂತು.

ಕೊಜೆ ಕಡೆಯಿಂದ ಹೊರಡುವವರು ಹೋಗುವಾಗಲೇ ಥೊಂಗ್ಯೊಂಗ್ ಮುಗಿಸಬಹುದು. ಪಾಕ್ ಕ್ಯೊಂಗ್ನಿ ಅವರು ತೀರಿಕೊಂಡದ್ದು 2008ರ ಮೇ 5ರಂದು, ಶ್ವಾಸಕೋಶದ ಕ್ಯಾನ್ಸರಿನಿಂದ. ಮಣ್ಣು ಮಾಡಿದ್ದು ಹುಟ್ಟೂರಿನ ಗುಡ್ಡದ ಮೇಲೆ, ಕೆಳಗೆ ಸಮುದ್ರ. ಗುಡ್ಡದ ಬುಡದಲ್ಲಿ 2010ರಲ್ಲಿ ತೆರೆದ ಸ್ಮಾರಕ ಭವನ. ಎರಡನ್ನೂ ನೋಡಿ ಥೊಂಗ್ಯೊಂಗ್–ದೇಜೊನ್ ಹೈವೇ ಹಿಡಿದು, ಜಿಂಜುವಿನಿಂದ ನಮ್ಹೆ ಹೈವೇಗೆ ಬಂದು, ಹಾದೊಂಗ್‌ನಲ್ಲಿ ಇಳಿದು ನದಿ ಪಕ್ಕದ ರಸ್ತೆಯಲ್ಲಿ ಮೇಲಕ್ಕೆ ಹೋದರೆ ಆಗ್ಯಾಂಗ್. ಸೊಹಿ ವಾಪಸ್ ಬಂದು ನೆಲೆಸಿದ ಪಟ್ಟಣದ ಮೇಲೆಯೇ ದಾರಿ. ಸೋಲ್‌ನಿಂದ ಬರುವವರಿಗೆ ನಂಬು ಬಸ್ ಟರ್ಮಿನಲ್‌ನಿಂದ ಹಾದೊಂಗ್ ಬಸ್ ಇದೆ, ಹ್ವಾಗೆ ಊರಿನ ಮೇಲೆ ಹೋಗುವುದನ್ನು ಹಿಡಿಯಿರಿ, ಅಲ್ಲಿಂದ ಹತ್ತಿರ.

ಮಕ್ಕಳಿದ್ದರೆ ಅಂಗಳಗಳಲ್ಲಿ ಓಡಾಡಿಕೊಂಡು ಖುಷಿಯಾಗಿರುತ್ತಾರೆ. ಮಂಡಿ ನೋವಿನವರಿಗೆ ಏರು ಸ್ವಲ್ಪ ಜಾಸ್ತಿ, ನಿಧಾನ ಹತ್ತಿಸಿ. ಸುಮ್ನೆ ಹಳೇ ಕಾಲದ ಬಟ್ಟೆ ಹಾಕಿಕೊಂಡು ಫೋಟೋ ತೆಗೆಸಿಕೊಳ್ಳಬೇಕು ಅಂದರೆ ಸೋಲ್‌ನ ಅರಮನೆಗಳೇ ಸಾಕು, ಇಷ್ಟು ದೂರ ಬರಬೇಡಿ. ಬಸ್ಸಿನಲ್ಲಿ ಬರುವವರು ವಾಪಸ್ ಬಸ್ಸಿನ ಟೈಮನ್ನು ಇಳಿದ ಕೂಡಲೇ ಕೇಳಿಟ್ಟುಕೊಳ್ಳಿ, ಹಳ್ಳಿ ಕಡೆ ಬಸ್ ಕಡಿಮೆ, ಸಂಜೆಯಾದ ಮೇಲೆ ಟ್ಯಾಕ್ಸಿಗೆ ಫೋನ್ ಮಾಡಿ ಕಾಯಬೇಕಾಗುತ್ತದೆ.